ಒಂದು ಎಸಳು ಕಡಿಮೆ

ಆ ಬಟ್ಟೆಯ ತುಂಡು ನನ್ನ ಕೈಗೆ ಬಂದಾಗ ನಾನು ತೇಗದ ಬಾಗಿಲವಾಡವೊಂದಕ್ಕೆ ಬಳ್ಳಿ ಕೆತ್ತುತ್ತಿದ್ದೆ. ಹಳೇಬೀಡಿನಲ್ಲಿ ದೇವಸ್ಥಾನಕ್ಕೆ ಹೋಗುವ ರಸ್ತೆಯಲ್ಲೇ ನನ್ನ ಅಂಗಡಿ. ಮುಂದುಗಡೆ ಪ್ರವಾಸಿಗರಿಗೆಂದು ಬಳಪದ ಕಲ್ಲಿನ ಆನೆ, ಗಣಪತಿ. ಹಿಂದುಗಡೆ ತಗಡಿನ ಕೆಳಗೆ ನನ್ನ ನಿಜವಾದ ಕೆಲಸ, ಗುಡಿಗಳಿಗೆ ವಿಗ್ರಹ, ಮನೆಗಳಿಗೆ ಬಾಗಿಲು. ಏಳನೇ ಕ್ಲಾಸಿಗೆ ಶಾಲೆ ಬಿಟ್ಟು ಉಳಿ ಹಿಡಿದವನು ನಾನು. ಕಲ್ಲೂ ಬರುತ್ತದೆ ಮರವೂ ಬರುತ್ತದೆ ಎಂದು ಹೇಳಿಕೊಳ್ಳುವವರು ಈ ಸುತ್ತಿನಲ್ಲಿ ಬಹಳ ಜನ ಇದ್ದಾರೆ. ನಿಜವಾಗಿ ಬರುವವರು ಕಡಿಮೆ, ಅವರಲ್ಲಿ ನಾನೊಬ್ಬ.

ಕರೆದುಕೊಂಡು ಬಂದವನು ನನ್ನ ಸ್ನೇಹಿತ. ದೇವಸ್ಥಾನದಲ್ಲಿ ಗೈಡು. ಬಾಗಿಲಲ್ಲೇ ಕೂಗಿದ.

"ಏನ್ಲಾ, ಉಳಿ ಕೆಳಗಿಡು ಒಸಿ. ಈ ಮೇಡಂ ಗೋಡೆ ಮುಂದೆ ನಿಂತ್ಕಂಡು ಅಳಾಕೆ ಶುರು ಮಾಡವ್ರೆ. ನನ್ ಇಂಗ್ಲಿಷ್ ಅಷ್ಟೊಂದು ಕೆಟ್ಟೋಗೈತಾ ಅಂತ ಗಾಬ್ರಿ ಆಯ್ತು."

ಅವನ ಹಿಂದೆ ನಲವತ್ತರ ಆಸುಪಾಸಿನ ಹೆಂಗಸು. ತಲೆಗೆ ಕಟ್ಟಿದ ವಸ್ತ್ರದ ಗಂಟು ಕತ್ತಿನ ಹಿಂದೆ. ಮುಖ ನೋಡಿ ಎಲ್ಲಿಯವರೆಂದು ಹೇಳಲಾಗಲಿಲ್ಲ. ಉಯಿಘರ್ ಜನ ಎಂದು ಗೈಡು ಹೇಳಿದ. ಆ ಹೆಸರು ನಾನು ಕೇಳಿದ್ದು ಅದೇ ಮೊದಲು. ಚೀನಾ ದೇಶದ ಪಶ್ಚಿಮದ ತುದಿ, ಮರಳುಗಾಡಿನ ಅಂಚಿನ ಊರು ಅವರದು. ಈಗ ತಾಯಿಯ ಜೊತೆ ಇಸ್ತಾನ್‌ಬುಲ್‌ನಲ್ಲಿದ್ದಾರೆ. ಅಲ್ಲಿ ತಮ್ಮ ಜನರ ಮಕ್ಕಳಿಗೆ ಬಟ್ಟೆಯ ಮೇಲೆ ಅಚ್ಚು ಹಾಕುವುದನ್ನು ಕಲಿಸುತ್ತಾರೆ. ಬೆಂಗಳೂರಿನಲ್ಲಿ ಯಾವುದೋ ಶಿಬಿರಕ್ಕೆ ಬಂದವರು ಬೇಲೂರಿನ ಲಾಡ್ಜಿನಲ್ಲಿ ಇಳಿದುಕೊಂಡು ಹಳೇಬೀಡು ನೋಡಲು ಬಂದಿದ್ದರು. ಗೋಡೆಯಲ್ಲಿ ಆನೆಯ ಸಾಲು, ಸಿಂಹದ ಸಾಲು ಆದ ಮೇಲೆ ಬಳ್ಳಿಯ ಸಾಲು ಬರುತ್ತದಲ್ಲ, ಅಲ್ಲೇ ನಿಂತುಬಿಟ್ಟರಂತೆ. ಅವರ ತಂದೆ ಮರದ ಅಚ್ಚಿನಲ್ಲಿ ಬಳ್ಳಿ ತಿರುಗಿಸುತ್ತಿದ್ದದ್ದು ಹಾಗೇ ಅಂತೆ.

ಚೀಲದಿಂದ ಒಂದು ಬಟ್ಟೆಯ ತುಂಡು ತೆಗೆದು ನನ್ನ ಮಣೆಯ ಮೇಲೆ ಹರಡಿದರು. ಊಟಕ್ಕೆ ಕೂರುವಾಗ ರೊಟ್ಟಿಯ ಕೆಳಗೆ ಹಾಸುವ ಬಟ್ಟೆಯ ಅಂಚು ಅದು. ಕಪ್ಪು ಬಣ್ಣ ಕಂದಾಗಿತ್ತು. ಒಂದೇ ಅಚ್ಚನ್ನು ಸಾಲಾಗಿ ಮೂರು ಸಲ ಒತ್ತಿದ್ದರು. ನಡುವೆ ಒಂದು ದಾಳಿಂಬೆ, ಅದನ್ನು ಸುತ್ತುವ ಬಳ್ಳಿ, ಮೇಲೆ ಬಿರಿದ ಹೂವು.

"ಅನಾರ್," ಎಂದರು ಬೆರಳಿಟ್ಟು.

ನಮ್ಮೂರ ಸಾಬರು ದಾಳಿಂಬೆಗೆ ಹೇಳುವುದೂ ಅದೇ. "ಅನಾರ್," ಎಂದೆ ನಾನೂ. ಹೂವಿನ ಮೇಲೆ ಬೆರಳಿಟ್ಟು "ಗುಲ್" ಎಂದರು. "ಗುಲ್," ಎಂದೆ. ಗೈಡು ನಕ್ಕ. "ಇನ್ ನಂದೇನ್ ಕೆಲ್ಸ, ನೀವೇ ಮಾತಾಡ್ಕಳಿ. ನಾನ್ ಟೀ ಕುಡ್ಕಂಡ್ ಬತ್ತೀನಿ."

ಆದರೆ ಅವನನ್ನು ಬಿಡಲಿಲ್ಲ. ಮುಂದಿನ ಮಾತಿಗೆ ಅವನು ಬೇಕಾಗಿತ್ತು. ಈ ಅಚ್ಚನ್ನು ಕೆತ್ತಿದವರು ಅವರ ತಂದೆ. ದಾದಾ ಎನ್ನುತ್ತಾರೆ ಅವರ ಭಾಷೆಯಲ್ಲಿ. ಇವರ ಹೆರಿಗೆಗೆಂದು ತಾಯಿ ಇಸ್ತಾನ್‌ಬುಲ್‌ಗೆ ಬಂದಿದ್ದ ಸಮಯದಲ್ಲಿ ಅಲ್ಲಿ ಪೊಲೀಸರು ಊರಿನ ಗಂಡಸರನ್ನು ಹಿಡಿದುಕೊಂಡು ಹೋದರು. ದಾದಾ ಅವರಲ್ಲಿ ಒಬ್ಬರು. ತಾಯಿ ವಾಪಸು ಹೋಗಲಾಗಲಿಲ್ಲ. ಅಚ್ಚುಗಳಿದ್ದ ಕೋಣೆಗೆ ಬೀಗ ಬಿತ್ತು. ಆಮೇಲೆ ಆ ಬೀದಿಯೇ ಇಲ್ಲವಂತೆ ಎಂದು ಯಾರೋ ಹೇಳಿದರು. ಉಳಿದದ್ದು ತಾಯಿ ಪ್ರಯಾಣಕ್ಕೆ ರೊಟ್ಟಿ ಸುತ್ತಿಕೊಂಡು ತಂದಿದ್ದ ಆ ಒಂದು ಹಾಸುಬಟ್ಟೆ. ತಾಯಿ ಅದನ್ನು ಎತ್ತಿಡಲು ಬಿಡುವುದಿಲ್ಲ, ದಿನಾ ಹಾಸುತ್ತಾರೆ, ದಿನಾ ಒಗೆಯುತ್ತಾರೆ. ಹಾಗೆ ಒಗೆದು ಹರಿದುಬಂದ ಅಂಚಿನ ತುಂಡೇ ಇವರು ತಂದದ್ದು. ಒಗೆದಷ್ಟೂ ಹೂವು ಮಾಸುತ್ತದೆ. ಅದು ಪೂರ್ತಿ ಅಳಿಸಿಹೋಗುವ ಮೊದಲು ಅದೇ ಅಚ್ಚು ಮತ್ತೆ ಬೇಕು. ಆ ಮಕ್ಕಳ ಕೈಗೆ ಕೊಡಲು ಅವರ ಹತ್ತಿರ ಬೇರೇನೂ ಇಲ್ಲ.

"ಈಗ ತಂದೆಯವರ ಸಮಾಚಾರ?" ಎಂದು ಕೇಳಿದೆ.

ಗೈಡು ಇಂಗ್ಲಿಷಿನಲ್ಲಿ ಕೇಳುವ ಮೊದಲೇ ಅವರಿಗೆ ತಿಳಿಯಿತು. "ಖವೆರ್ ಯೋಕ್," ಎಂದರು. ಅದನ್ನು ಯಾರೂ ನನಗೆ ಬಿಡಿಸಿ ಹೇಳಬೇಕಾಗಲಿಲ್ಲ. ಖಬರು ಇಲ್ಲ.

ನಾನು ಒಪ್ಪಿಕೊಂಡೆ. ಅವರು ನನ್ನನ್ನು "ಉಸ್ತಾ" ಎಂದು ಕರೆಯತೊಡಗಿದರು. ಕಸುಬು ಬಲ್ಲವನು ಎಂದು ಅರ್ಥ. ಸುಳ್ಳೇಕೆ, ಕಿವಿಗೆ ಹಿತವಾಯಿತು.

ಅಚ್ಚಿನ ಕೆಲಸ ನಾನು ಮಾಡಿದವನಲ್ಲ. ಕಲ್ಲಿನಲ್ಲಿ ಎದುರಿಗೆ ಕಾಣುವುದನ್ನೇ ಕೆತ್ತುತ್ತೇವೆ. ಅಚ್ಚಿನಲ್ಲಿ ಎಡ ಬಲವಾಗಬೇಕು, ಬಲ ಎಡವಾಗಬೇಕು. ಬಟ್ಟೆಯ ಮೇಲೆ ಬಟರ್ ಪೇಪರ್ ಇಟ್ಟು ಸಣ್ಣ ಪೆನ್ಸಿಲಿನಿಂದ ಗೆರೆ ಎಳೆದು, ಅದನ್ನು ಮಗುಚಿ ಮರಕ್ಕೆ ಇಳಿಸಿದೆ. ಅಷ್ಟು ಸರಿಹೋಯಿತು. ತಪ್ಪಿದ್ದು ಮರದಲ್ಲಿ. ಕೈಗೆ ಸಿಕ್ಕಿದ ತೇಗದಲ್ಲೇ ಶುರು ಮಾಡಿದ್ದೆ. ತೇಗದ ಎಳೆ ದಪ್ಪ. ಬಾಗಿಲಿನ ಬಳ್ಳಿಗೆ ಸೈ, ಆದರೆ ಈ ಬಳ್ಳಿ ಉಗುರಂಚಿನಷ್ಟು ಸಪೂರ. ಎರಡು ಸುತ್ತು ಬರುವಷ್ಟರಲ್ಲಿ ಗೆರೆ ಪುಡಿಪುಡಿಯಾಗಿ ಉದುರಿತು.

ಅರಸೀಕೆರೆಗೆ ಹೋದೆ. ಜಾವಗಲ್ ದಾಟುವವರೆಗೂ ಬಸ್ಸಿನಲ್ಲಿ ನಿಂತೇ ಹೋಗಬೇಕಾಯಿತು, ಕೊಬ್ಬರಿ ಮಾರುವ ದಿನ. ಅಲ್ಲಿ ನಾನು ಮರ ತರುವ ಸಾ ಮಿಲ್ಲಿನ ಯಜಮಾನರಿಗೆ ಆಲೆ ಮರ ಬೇಕೆಂದೆ, ಚನ್ನಪಟ್ಟಣದಲ್ಲಿ ಬೊಂಬೆಗೆ ಬಳಸುವ ಬಿಳಿ ಮರ.

"ಯಾಕ್ಲಾ, ಗಣಪತಿ ಬಿಟ್ಟು ಬೊಂಬೆ ಮಾಡಾಕೆ ಇಳ್ದಾ?" ಎಂದರು.

"ಬೊಂಬೆ ಅಲ್ಲ ಯಜಮಾನ್ರೇ, ಬಟ್ಟೆಗೆ ಒತ್ತೋ ಅಚ್ಚು."

"ಹೊರಗಿರೋದೆಲ್ಲ ಹಸಿ ಐತೆ. ಅಚ್ಚು ಅಂದ್ರೆ ಒಣಗಿರ್ಬೇಕು." ಅವರೇ ಎದ್ದು ಹೋಗಿ ಹಿಂದಿನ ಕೊಠಡಿಯಿಂದ ಒಂದು ತುಂಡು ತಂದು, ನನ್ನ ಕಿವಿಯ ಹತ್ತಿರ ಹಿಡಿದು ಬೆರಳಿನಿಂದ ತಟ್ಟಿದರು. ಟಣ್ ಎಂದಿತು. "ತಕಾ. ಇದ್ನ ಕೆಡಿಸ್ದೆ ಅಂದ್ರೆ ಇನ್ನೊಂದು ಕೇಳ್ಬೇಡ."

ಅದನ್ನು ಕೆಡಿಸಲಿಲ್ಲ. ಹತ್ತರಿ ಹಾಕಿ ಮಟ್ಟ ಮಾಡಿ, ಮೇಲೆ ತೆಳ್ಳಗೆ ಸುಣ್ಣದ ನೀರು ಬಳಿದು ಗೆರೆ ಇಳಿಸಿದೆ. ಸಣ್ಣ ಉಳಿಯನ್ನು ಕಲ್ಲಿಗೆ ತಿಕ್ಕಿ ಇನ್ನೂ ಸಣ್ಣದು ಮಾಡಿಕೊಂಡೆ. ಮೊದಲು ಗೆರೆಯ ಹೊರಗೆ ಬೈರಿಗೆಯಿಂದ ತೂತು ಬಿಟ್ಟು, ಆಮೇಲೆ ನಡುವಿನ ಮರವನ್ನು ಕೆದಕಿ ತೆಗೆಯುವುದು. ಗೆರೆಯ ಗೋಡೆ ನೆಟ್ಟಗೆ ಇಳಿಯಬಾರದು, ಬುಡಕ್ಕೆ ಹೋಗುತ್ತಾ ಅಗಲವಾಗಬೇಕು. ಇಲ್ಲದಿದ್ದರೆ ಒತ್ತಿದಾಗ ಮುರಿಯುತ್ತದೆ. ಇದನ್ನು ಹೇಳಿಕೊಟ್ಟವರು ಆ ಹೆಂಗಸೇ, ಕೈಯಲ್ಲಿ ತೋರಿಸಿ. ಬೆಳಿಗ್ಗೆ ಬೇಲೂರಿನಿಂದ ಬಸ್ಸಿನಲ್ಲಿ ಬಂದು ನನ್ನ ಎದುರಿನ ಕಲ್ಲಿನ ಮೇಲೆ ಕೂರುತ್ತಿದ್ದರು. ಬಣ್ಣವನ್ನೂ ಅವರೇ ಮಾಡಿದರು. ನನ್ನ ತುಕ್ಕು ಹಿಡಿದ ಮೊಳೆಗಳನ್ನೆಲ್ಲ ವಿನಿಗರ್‌ನಲ್ಲಿ ನೆನೆಹಾಕಿದರು. ಬೇಲೂರು ಬಸ್‌ಸ್ಟ್ಯಾಂಡಿನ ಜ್ಯೂಸ್ ಅಂಗಡಿಯಿಂದ ದಾಳಿಂಬೆ ಸಿಪ್ಪೆ ತಂದು ಕುದಿಸಿ, ಆ ನೀರಿನಲ್ಲಿ ಬಿಳಿ ಬಟ್ಟೆ ಅದ್ದಿ ಒಣಗಿಸಿದರು. ಸಿಪ್ಪೆಯ ನೀರು ಕುಡಿದ ಬಟ್ಟೆಗೆ ತುಕ್ಕಿನ ನೀರು ತಾಗಿದರೆ ಕಪ್ಪಾಗುತ್ತದೆ.

ಕೆತ್ತುತ್ತಾ ಹೂವಿಗೆ ಬಂದೆ. ಆಗ ಕಂಡಿತು. ಬಟ್ಟೆಯ ಹೂವಿನಲ್ಲಿ ಬಲಗಡೆ ಒಂದು ಎಸಳಿನ ಜಾಗ ಖಾಲಿ. ಬುಡದಲ್ಲಿ ಮುಳ್ಳಿನಂಥ ಒಂದು ಚೂರು ಮಾತ್ರ ಉಳಿದಿದೆ. ಮೂರು ಅಚ್ಚಿನಲ್ಲೂ ಹಾಗೇ.

ನಮ್ಮ ಕಸುಬಿನಲ್ಲಿ ಭಿನ್ನ ಎನ್ನುತ್ತೇವೆ. ವಿಗ್ರಹ ಮುಗಿಯುವ ಹೊತ್ತಿಗೆ ಬೆರಳ ತುದಿ ಹಾರಿದರೂ ಅದು ಭಿನ್ನ. ಅಂಟು ಹಾಕುವಂತಿಲ್ಲ, ಉಜ್ಜಿ ಮರೆಸುವಂತಿಲ್ಲ. ಪೂಜೆಗೆ ಬಾರದು, ನೀರಿಗೆ ಬಿಡಬೇಕು. ನನಗೆ ಉಳಿ ಹಿಡಿಸಿದ ದೊಡ್ಡಪ್ಪ ತಿಂಗಳುಗಟ್ಟಲೆ ದುಡಿದ ವಿಗ್ರಹವನ್ನು ಒಂದು ಕಿವಿಯೋಲೆಗಾಗಿ ದೋರಸಮುದ್ರದ ಕೆರೆಗೆ ಬಿಟ್ಟದ್ದನ್ನು ನೋಡಿದ್ದೇನೆ. ನನ್ನ ಅಂಗಡಿಯಿಂದ ಭಿನ್ನವಾದ ಕೆಲಸ ಇವತ್ತಿನವರೆಗೆ ಹೊರಗೆ ಹೋಗಿಲ್ಲ. ಹಳೆಯ ಅಚ್ಚು, ತುದಿ ಮುರಿದಿರಬೇಕು, ಪಾಪ ಆ ಮನುಷ್ಯನಿಗೆ ಸರಿಮಾಡಲು ಪುರುಸೊತ್ತು ಸಿಕ್ಕಿರಲಿಕ್ಕಿಲ್ಲ ಎಂದುಕೊಂಡೆ. ಅವತ್ತು ಅವರು ಬೇಲೂರಿಗೆ ಹೊರಟ ಮೇಲೆ ಎಸಳನ್ನು ನಾನೇ ತುಂಬಿಕೊಟ್ಟೆ. ಪಕ್ಕದ ಎಸಳುಗಳ ಬಾಗು ನೋಡಿಕೊಂಡು ಕೆತ್ತಿದ್ದು. ಎಷ್ಟು ಚೆನ್ನಾಗಿ ಕೂತಿತೆಂದರೆ, ಯಾವುದು ದಾದಾನದು ಯಾವುದು ನನ್ನದು ನನಗೇ ತಿಳಿಯುವಂತಿರಲಿಲ್ಲ.

ಮಾರನೇ ದಿನ ಅಚ್ಚನ್ನು ಬಣ್ಣಕ್ಕೆ ಅದ್ದಿ ಅವರೇ ಒತ್ತಿದರು. ಮೇಲೆ ಮುಷ್ಟಿಯಿಂದ ಒಂದು ಗುದ್ದು. ಎತ್ತಿದಾಗ ಮೊದಲು ಬೂದಿ ಬಣ್ಣ, ನೋಡನೋಡುತ್ತ ಕಪ್ಪು. ದಾಳಿಂಬೆ ಬಂತು, ಬಳ್ಳಿ ಬಂತು. ಅವರು ಬಾಯಿಗೆ ಕೈ ಅಡ್ಡ ಇಟ್ಟುಕೊಂಡರು. ಆಮೇಲೆ ಹೂವಿನ ಬಲಗಡೆ ಬೆರಳು ಹೋಗಿ ನಿಂತಿತು. ಫೋನಿನಲ್ಲಿ ತಾಯಿಗೆ ವೀಡಿಯೋ ಹಚ್ಚಿದರು. ಅಚ್ಚು ಮಾಡಿಸುತ್ತಿರುವ ವಿಷಯ ತಾಯಿಗೆ ಹೇಳಿರಲಿಲ್ಲವಂತೆ. ದಾದಾನ ಕೆಲಸಕ್ಕೆ ಬೇರೆಯವರ ಕೈ ಎಂದರೆ ಬೇಡ ಎಂದುಬಿಡುತ್ತಾರೆಂದು, ಒಳ್ಳೆಯದಾದ ಮೇಲೆ ತೋರಿಸೋಣವೆಂದು ಇದ್ದರು.

ಆಗಿನ ಕಾಲಕ್ಕೆ ಗಂಡ ಕೆತ್ತಿದರೆ ಒತ್ತುತ್ತಿದ್ದವರು ಆ ತಾಯಿಯೇ. ಮುದುಕಿ ಕಣ್ಣನ್ನು ಫೋನಿಗೆ ಹತ್ತಿರ ತಂದರು. ಬರೀ ಹುಬ್ಬು ಕಾಣುತ್ತಿತ್ತು. ನಂತರ ಸಿಟ್ಟಿನ ದನಿ ಬಂತು. ಮಗಳು ಕೇಳಿ ಫೋನು ಇಟ್ಟರು. ಗೈಡಿನ ಮೂಲಕ ನನಗೆ ತಿಳಿದದ್ದು ಇಷ್ಟು: "ಇದು ಅವರದಲ್ಲ. ಅವರ ಹೂವನ್ನು ಯಾರೋ ಕದ್ದಿದ್ದಾರೆ. ಎಲ್ಲಿ ಸಿಕ್ಕಿತು ನಿನಗೆ ಈ ಬಟ್ಟೆ?"

ಎಸಳಿನ ಕಥೆಯನ್ನೂ ಗೈಡೇ ಬಿಡಿಸಿ ಹೇಳಿದ. ಒಂದು ಚಳಿಗಾಲ ದಾದಾನ ಕೈ ಮರಗಟ್ಟಿ ಅಚ್ಚು ಕಬ್ಬಿಣದ ಒಲೆಯ ಮೇಲೆ ಬಿದ್ದು ಆ ಎಸಳು ಹಾರಿತ್ತು. ಮದುವೆಯೊಂದಕ್ಕೆ ಬಟ್ಟೆ ಕೊಡಬೇಕಿತ್ತು, ಹಾಗೇ ಒತ್ತಿದರು. ಬಜಾರಿನಲ್ಲಿ ಜನಕ್ಕೆ ಅದೇ ಗುರುತಾಯಿತು. ಹೆಂಗಸರು ಬಟ್ಟೆ ಬಿಡಿಸಿ ಮೊದಲು ನೋಡುತ್ತಿದ್ದದ್ದು ಇಲ್ಲದ ಎಸಳನ್ನು, ಆಮೇಲೆ ಬುಡದ ಮುಳ್ಳನ್ನು. ನಕಲು ಮಾಡಿದವರು ಎಸಳನ್ನೇನೋ ಬಿಟ್ಟು ಕೆತ್ತುತ್ತಿದ್ದರು, ಮುಳ್ಳು ಮಾತ್ರ ಅವರಿಗೆ ಬರುತ್ತಿರಲಿಲ್ಲ.

ನನಗೆ ಮುಖಕ್ಕೆ ಹೊಡೆದಂತಾಯಿತು. ಸಿಟ್ಟೂ ಬಂತು. "ಮುರಿದದ್ದನ್ನ ಸರಿಮಾಡಿ ಕೊಟ್ಟವನು ಕಳ್ಳನಾ?" ಎಂದೆ. "ಭಿನ್ನ ಆಗಿರೋದ್ನ ನಾನು ಕೆತ್ತಲ್ಲ ಕಣಯ್ಯ. ಹೇಳು ಅವರಿಗೆ."

ಗೈಡು ಅದನ್ನು ಅವರಿಗೆ ಹೇಳಲಿಲ್ಲ, ನನಗೇ ತಿರುಗಿದ. "ದಿನಾ ಬೆಳಗಾದ್ರೆ ನಾನು ತೋರ್ಸೋದು ಏನ್ಲಾ? ಕೈಯಿಲ್ದಿರೋದು, ಮೂಗಿಲ್ದಿರೋದು, ಸೊಂಡ್ಲಿಲ್ದಿರೋದು. ನಮ್ ದೇವಸ್ಥಾನನೇ ಅರ್ಧ ಭಿನ್ನ. ಒಂದ್ ದಿನ ಹೋಗಿ ಮೂಗ್ ಅಂಟಿಸ್ಬಿಟ್ ಬಾ, ನೋಡಾನ."

"ಅದು ಬೇರೆ."

"ಏನ್ ಬೇರೆ? ನಿಂಗೆ ನಿನ್ ಎಸಳಿಂದ್ ಚಿಂತೆ. ಅವ್ರಪ್ಪುಂದು ಅವ್ರಿಗೆ."

ಅವತ್ತು ಮಧ್ಯಾಹ್ನ ನಾನು ಬಾಗಿಲವಾಡ ಮುಟ್ಟಲಿಲ್ಲ, ಅಚ್ಚನ್ನೂ ಮುಟ್ಟಲಿಲ್ಲ. ಅವರು ಏನೂ ಒತ್ತಾಯ ಮಾಡದೆ ಕಲ್ಲಿನ ಮೇಲೆ ಕೂತಿದ್ದರು. ಅವರು ಇಸ್ತಾನ್‌ಬುಲ್‌ಗೆ ಮರಳುವ ದಿನ ಹತ್ತಿರವಾಗುತ್ತಿತ್ತು. ಸಂಜೆ ಬಸ್ಸಿಗೆ ಎದ್ದಾಗ ಬಟ್ಟೆಯ ತುಂಡನ್ನು ನನ್ನ ಮಣೆಯ ಮೇಲೇ ಬಿಟ್ಟು ಹೋದರು.

ಭೂತಗನ್ನಡಿ ಇಟ್ಟು ಆ ಖಾಲಿ ಜಾಗವನ್ನು ನೋಡಿದೆ. ಮೊದಲ ಸಲ ನಾನು ನೋಡಿದ್ದು ಎಸಳು ಇಲ್ಲ ಎಂಬುದನ್ನು. ಈಗ ನೋಡಿದ್ದು ಅದು ಹೇಗೆ ಹೋಯಿತು ಎಂಬುದನ್ನು. ಉಳಿಯಿಂದ ಕತ್ತರಿಸಿದರೆ ಬುಡ ನುಣ್ಣಗಾಗುತ್ತದೆ, ಮುಳ್ಳು ಬರುವುದಿಲ್ಲ. ನಕಲಿನವರು ಸೋತದ್ದು ಅಲ್ಲೇ. ಏಟು ಮೇಲಿನಿಂದ ಬಿದ್ದಿದೆ. ಮರದ ಎಳೆ ಓರೆಯಾಗಿ ಸೀಳಿ, ಒಳಗಿನ ಅಂಚಿನಲ್ಲಿ ಒಂದು ಸಿಬಿರು ಹಿಡಿದುಕೊಂಡು ಉಳಿದಿದೆ. ಅದನ್ನು ಕೆತ್ತಲಾಗುವುದಿಲ್ಲ, ಮುರಿಯಬೇಕು. ಮುರಿಯುವುದಕ್ಕೆ ಅಲ್ಲಿ ಒಂದು ಪೂರ್ತಿ ಎಸಳು ಇರಬೇಕು. ಅದು ಇತ್ತು, ನಾನೇ ಕೆತ್ತಿದ್ದು.

ಬೆಳಿಗ್ಗೆ ಅವರು ಬರುವ ಹೊತ್ತಿಗೆ ಎಸಳಿನ ಬುಡವನ್ನು ಹೊರಗಡೆಯಿಂದ ಸಣ್ಣ ಉಳಿಯಲ್ಲಿ ಅರ್ಧ ಸವೆಸಿ ಇಟ್ಟಿದ್ದೆ. ಒಳಗಡೆ, ಮುಳ್ಳು ಉಳಿಯಬೇಕಾದ ಕಡೆ, ಮರ ಹಾಗೇ ಇತ್ತು. ಕೆಳಗೆ ಒದ್ದೆ ಬಟ್ಟೆ ಹಾಸಿ ಅಚ್ಚನ್ನು ಓರೆಯಾಗಿ ಆನಿಸಿದೆ. ಒಂದೇ ಏಟು. ತಪ್ಪಿ ಬಿದ್ದರೆ ಪಕ್ಕದ ಎಸಳೂ ಹೋಗುತ್ತದೆ, ಬಳ್ಳಿಯೂ ಹೋಗುತ್ತದೆ, ಯಜಮಾನರ ಇನ್ನೊಂದು ತುಂಡು ನನಗೆ ಸಿಗುವುದಿಲ್ಲ, ಅವರಿಗೆ ಸಮಯವೂ ಇಲ್ಲ. ಅವರು ಮುಂದೆ ಬಂದು, ನಾನು ಹೊಡೆಯಲಾ ಎಂಬಂತೆ ಕೈ ಚಾಚಿದರು. ಬೇಡವೆಂದು ತಲೆಯಾಡಿಸಿದೆ. ಕೆತ್ತಿದ ಕೈಯೇ ಮುರಿಯಬೇಕು.

ಕಲ್ಲಿನ ಸುತ್ತಿಗೆ ಎತ್ತಿಕೊಂಡೆ. ಇಷ್ಟು ವರ್ಷ ಪ್ರತಿ ಏಟಿಗೂ ಏನೂ ಒಡೆಯದಿರಲಿ ಎಂದು ಉಸಿರು ಹಿಡಿದವನು, ಒಡೆಯಲಿ ಎಂದು ಉಸಿರು ಹಿಡಿದೆ.

ಟಕ್ ಎಂದಿತು. ಎಸಳು ಹಾರಿ ಮರದ ಪುಡಿಯಲ್ಲಿ ಬಿತ್ತು. ಗೈಡು ಬಗ್ಗಿ ನೋಡಿ, "ಹೋಯ್ತಲ್ಲೋ," ಎಂದ. ಬುಡದಲ್ಲಿ ಮುಳ್ಳು ನಿಂತಿತ್ತು.

ಅವರು ಒತ್ತಿದರು. ಬೂದಿ ಬಣ್ಣ ಕಪ್ಪಾಯಿತು. ಹಳೆಯ ತುಂಡನ್ನು ಪಕ್ಕದಲ್ಲಿಟ್ಟರು. ಹಳೆಯದು ಮಾಸಿದೆ, ಹೊಸದು ಕಪ್ಪು, ಅಷ್ಟೇ ವ್ಯತ್ಯಾಸ. ನನಗೆ ಹೆಮ್ಮೆಯಾಯಿತು, ಇಲ್ಲವೆನ್ನುವುದಿಲ್ಲ. ತಾಯಿಗೆ ವೀಡಿಯೋ ಹಚ್ಚಿದಾಗ ನಾನೂ ಇಣುಕಿದೆ.

ಮುದುಕಿ ಬಹಳ ಹೊತ್ತು ನೋಡಿದರು. ಆಮೇಲೆ ನಗತೊಡಗಿದರು. ಮಗುವಿನಂತೆ, ಬಾಯ್ತುಂಬ. ಎದ್ದು ನಿಂತರು ಅಂತ ಕಾಣುತ್ತದೆ, ಫೋನು ಅಲ್ಲಾಡಿ ಅವರ ಮನೆಯ ಗೋಡೆ, ಕಿಟಕಿ ಎಲ್ಲ ಓಡಿದವು. ಮತ್ತೆ ಮುಖ ಬಂತು.

"ದಾದಾಂಗ್ ಕೆಲ್ದಿಮು?"

ಮಗಳು ನನ್ನ ಕಡೆ ತಿರುಗಿದರು.

"ದಾದಾಂಗ್ ಕೆಲ್ದಿಮು?" ಇನ್ನೂ ಗಟ್ಟಿಯಾಗಿ, ಇನ್ನೂ ಸಂತೋಷದಿಂದ.

ನಿನ್ನ ಅಪ್ಪ ಬಂದರಾ ಎಂದು ಕೇಳುತ್ತಿದ್ದರಂತೆ. ಇದು ಆಮೇಲೆ ತಿಳಿದದ್ದು. ತಾಯಿಯ ಲೆಕ್ಕ ಸರಿಯಾಗಿಯೇ ಇತ್ತು. ಆ ಅಚ್ಚು ಇದ್ದದ್ದು ಗಂಡನ ಕೋಣೆಯಲ್ಲಿ. ಅವರು ಅದನ್ನು ಯಾರ ಕೈಗೂ ಕೊಡುವವರಲ್ಲ. ಆ ಅಚ್ಚಿನಿಂದ ಈಗ ಬಟ್ಟೆ ಬಂದಿದೆ ಎಂದರೆ ಕೋಣೆ ತೆರೆದಿದೆ, ಅವರು ಬಂದಿದ್ದಾರೆ. ಎಲ್ಲಿ, ತೋರಿಸು, ಫೋನು ಅವರ ಕಡೆ ತಿರುಗಿಸು ಎಂದರು.

ಮಗಳು ಫೋನು ಕೆಳಗಿಳಿಸಿದರು. ಫೋನಿನ ಕಣ್ಣು ನನ್ನ ಮಡಿಲಿಗೆ ತಿರುಗಿತು. ಅಲ್ಲಿ ನಾನು ಎರಡು ಕೈಯಲ್ಲೂ ಅಚ್ಚನ್ನು ಹಿಡಿದು ಕೂತಿದ್ದೆ. ಬೆರಳೆಲ್ಲ ಕಪ್ಪು, ಉಗುರಿನ ಸಂದಿಯಲ್ಲಿ ಮರದ ಪುಡಿ. ನಗು ನಿಂತಿತು. ಅಷ್ಟು ದೂರದಿಂದ ಆ ತಾಯಿ ನನ್ನ ಕೈಯನ್ನು ನೋಡುತ್ತಿದ್ದರು. ಕೈ ಹಿಂದೆ ಎಳೆದುಕೊಳ್ಳಬೇಕು ಅನ್ನಿಸಿತು, ಎಳೆದುಕೊಳ್ಳಲಾಗಲಿಲ್ಲ.

"ಯೋಕ್," ಎಂದರು. ಮಗಳು ಹೇಳಬೇಕಾಗಿದ್ದ ಮಾತನ್ನು ಅವರೇ ಹೇಳಿದರು. ಆಮೇಲೆ ನನಗೆ ಕೃತಜ್ಞತೆ ಹೇಳಿದರು: "ರಹ್ಮೆತ್, ಉಸ್ತಾ."

ಗೈಡು ಹೊರಗೆ ಹೋಗಿ ರಸ್ತೆ ನೋಡುತ್ತಾ ನಿಂತುಬಿಟ್ಟ.

ಅಚ್ಚಿಗೆ ಹೊಂಗೆ ಎಣ್ಣೆ ಕುಡಿಸಿ, ಒಣಗಿಸಿ, ಬಟ್ಟೆಯಲ್ಲಿ ಸುತ್ತಿ ಕೊಟ್ಟೆ. ಅರಸೀಕೆರೆಯ ರೈಲಿಗೆ ಹೊರಟಾಗ ನಾನೂ ಜೊತೆಗೆ ಹೋದೆ. ಸ್ಟೇಷನ್ನಿನಲ್ಲಿ ಮರದ ಪುಡಿಯಿಂದ ಹುಡುಕಿ ತೆಗೆದಿದ್ದ ಎಸಳನ್ನು ಅವರ ಮುಂದೆ ಹಿಡಿದೆ. ಅವರು ಅದನ್ನು ನನ್ನ ಅಂಗೈಯಲ್ಲೇ ಮಡಿಸಿಟ್ಟರು. ಕೈಸನ್ನೆಯಲ್ಲಿ, ಒಂದೆರಡು ಇಂಗ್ಲಿಷ್ ಮಾತಿನಲ್ಲಿ ಹೇಳಿದ್ದು ನನಗೂ ಅರ್ಥವಾಯಿತು. ಅದು ದಾದಾನದಲ್ಲ, ನಿಮ್ಮದು.

ನನ್ನದಾದರೆ ನನ್ನ ಕ್ರಮದಂತೆ ಆಗಲಿ ಎಂದು ಮಾರನೇ ದಿನ ಕೆರೆಗೆ ಹೋದೆ. ದೊಡ್ಡಪ್ಪ ನಿಲ್ಲುತ್ತಿದ್ದ ಮೆಟ್ಟಿಲಿನಲ್ಲೇ ನಿಂತು, ಅವರು ಬಿಡುತ್ತಿದ್ದಂತೆಯೇ ಬಗ್ಗಿ ಎಸಳನ್ನು ನೀರಿಗೆ ಬಿಟ್ಟೆ. ಇಷ್ಟು ದಿನ ನಾನು ಬಿಟ್ಟದ್ದೆಲ್ಲ ಕಲ್ಲು. ಮುಳುಗುತ್ತಿತ್ತು, ತಿರುಗಿ ಮನೆಗೆ ಬರುತ್ತಿದ್ದೆ. ಇದು ಮರ ಎಂಬುದು ಬಿಟ್ಟ ಮೇಲೆ ನೆನಪಾಯಿತು. ಎಸಳು ಮುಳುಗಲಿಲ್ಲ. ಗಾಳಿಗೆ ಅತ್ತ ಹೋಗಿ, ಇತ್ತ ಬಂದು, ನಾನು ನಿಂತಿದ್ದ ಮೆಟ್ಟಿಲಿಗೆ ತಾಗಿ ನಿಂತಿತು. ಕೈಯಿಂದ ದೂಡಿದೆ. ಮತ್ತೆ ಬಂತು.